ಗಾಂಧಿ, ಫ್ಯಾನನ್, ಅರೆಂಟ್: ಹಿಂಸೆ ಬಗ್ಗೆ ಯಾರನ್ನು ಹಿಡಿಯೋದು?

ಕಲಬುರಗಿಯಲ್ಲಿ ಎಂ.ಎ. ಓದುತ್ತಿರುವ ತಂಗಿ ಮಗ ಸೆಮಿನಾರಿಗೆ ಹಿಂಸೆಯ ವಿಷಯ ತಗೊಂಡಿದ್ದಾನೆ. "ಮಾಮಾ, ಮೂವರಲ್ಲಿ ಯಾರನ್ನ ಹಿಡೀಲಿ?" ಅಂತ ಕೇಳಿದ.

ಗಾಂಧಿ ಸುಲಭ ಅನ್ನಿಸುತ್ತಾರೆ, ಆದರೆ ಸುಲಭ ಅಲ್ಲ. 1922ರಲ್ಲಿ ಚೌರಿ ಚೌರಾದಲ್ಲಿ ಗುಂಪು ಠಾಣೆಗೆ ಬೆಂಕಿ ಇಟ್ಟು ಪೊಲೀಸರನ್ನು ಕೊಂದಾಗ ಇಡೀ ಅಸಹಕಾರ ಚಳವಳಿಯನ್ನೇ ನಿಲ್ಲಿಸಿದರು. ಆದರೆ 1920ರಲ್ಲಿ ಅವರೇ, ಹೇಡಿತನ ಮತ್ತು ಹಿಂಸೆ ಎರಡೇ ದಾರಿ ಉಳಿದರೆ ಹಿಂಸೆಯೇ ವಾಸಿ ಅಂತ ಬರೆದಿದ್ದರು. ಇದನ್ನು ಬಿಟ್ಟು ಗಾಂಧಿ ಬಗ್ಗೆ ಮಾತಾಡಿದರೆ ಅರ್ಧ ಮಾತು.

ವಸಾಹತುಶಾಹಿ ವಿರೋಧಿ ಚಿಂತಕ ಫ್ರಾಂಟ್ಜ್ ಫ್ಯಾನನ್ ಪೂರಾ ಉಲ್ಟಾ. ತಿರುಗಿ ಹೊಡೆದಾಗಲೇ ಪರರ ಆಳ್ವಿಕೆಯಲ್ಲಿರುವವನ ಕೀಳರಿಮೆ ಕಳಚುತ್ತದೆ ಅಂತ 1961ರ 'ದಿ ರೆಚೆಡ್ ಆಫ್ ದಿ ಅರ್ಥ್' ಪುಸ್ತಕದಲ್ಲಿ ಅನ್ನುತ್ತಾರೆ. ಹುಡುಗರಿಗೆ ಜಾಸ್ತಿ ಹಿಡಿಸೋದು ಇದೇ. ಆದರೆ ಅವರು ಅಲ್ಜೀರಿಯಾದಲ್ಲಿ ಮನೋವೈದ್ಯರಾಗಿದ್ದವರು, ಹಿಂಸೆ ಮಾಡಿದವನನ್ನೂ ಅದು ಕೆಡಿಸೋದನ್ನು ಕಂಡವರು. ಕೈದಿಗಳಿಗೆ ಚಿತ್ರಹಿಂಸೆ ಕೊಟ್ಟು, ಮನೆಗೆ ಬಂದು ಹೆಂಡತಿ ಮಕ್ಕಳನ್ನೂ ಬಡಿಯುತ್ತಿದ್ದ ಪೊಲೀಸನ ಕಥೆ ಅದೇ ಪುಸ್ತಕದ ಕೊನೆಗಿದೆ.

ನನ್ನ ಓಟು ಜರ್ಮನ್ ಮೂಲದ ರಾಜಕೀಯ ಚಿಂತಕಿ ಹನ್ನಾ ಅರೆಂಟ್‌ಗೆ. ಅಪಾಯ ಕಣ್ಣೆದುರಿಗಿದ್ದಾಗ ಹಿಂಸೆಗೆ ಸಮರ್ಥನೆ ಸಿಗಬಹುದು, ಗುರಿ ದೂರ ಹೋದಷ್ಟೂ ಆ ಸಮರ್ಥನೆ ಸಡಿಲ ಆಗುತ್ತೆ, ಅನ್ನೋದು 1970ರ ಅವರ ವಾದ. ಇದನ್ನು ನಮ್ಮ ಮನೆಗೇ ಹಚ್ಚಿ ನೋಡಿದೆ. ಹೈದರಾಬಾದ್ ನಿಜಾಮನ ಪರ ಇದ್ದ ಸಶಸ್ತ್ರ ಪಡೆ ರಜಾಕಾರರ ಕಾಲದಲ್ಲಿ ನಮ್ಮಜ್ಜಿ ಜೋಳವನ್ನು ಹಗೇವಿನಲ್ಲಿ ಮುಚ್ಚಿಟ್ಟು, ಬಾಗಿಲ ಹಿಂದೆ ಕೊಡಲಿ ಇಟ್ಕೊಂಡು ಮಲಗುತ್ತಿದ್ದರಂತೆ. ಆ ಕೊಡಲಿಗೆ ಸಮರ್ಥನೆ ಇದೆ. 1948ರ ಸೆಪ್ಟೆಂಬರ್‌ನಲ್ಲಿ ಭಾರತದ ಸೇನೆ ಹೈದರಾಬಾದ್ ಸಂಸ್ಥಾನವನ್ನು ವಶಕ್ಕೆ ತಗೊಂಡ ಪೊಲೀಸ್ ಕಾರ್ಯಾಚರಣೆ ಆದ ಮೇಲೆ ನಮ್ಮ ಭಾಗದಲ್ಲೇ ಮುಸ್ಲಿಮರ ಮೇಲೆ ನಡೆದ ಸೇಡಿನ ಕೊಲೆಗಳಿಗೆ ಇಲ್ಲ.

ಸೆಮಿನಾರಿಗೆ ಹತ್ತೇ ನಿಮಿಷ ಇದ್ದರೆ ಸುಮ್ನೆ ಗಾಂಧಿಯನ್ನೇ ತಗೋ ಅಂದೆ. ಅವನು ಫ್ಯಾನನ್ ತಗೊಂಡ.