ತೀರ್ಥಹಳ್ಳಿ ಕಡೆಯ ಹೋಂಸ್ಟೇ: ಕಡುಬು ಪರವಾಗಿಲ್ಲ, ಮೇಷ್ಟ್ರ ಪಾಠ ಭರ್ಜರಿ

ಮಗಳು ಬುಕ್ ಮಾಡಿದ್ದು. ಅಡಿಕೆ ತೋಟದವನು ದುಡ್ಡು ಕೊಟ್ಟು ಇನ್ನೊಬ್ಬರ ಅಡಿಕೆ ತೋಟ ನೋಡೋದು ಯಾವ ಹಣೆಬರಹ ಅಂತ ಗೊಣಗುತ್ತಲೇ ಹೋದೆ.

ಕೋಣೆ ಚೊಕ್ಕಟ. ಬಚ್ಚಲ ಹಂಡೆಯಲ್ಲಿ ಬೆಳಗಿನ ಜಾವಕ್ಕೇ ಬಿಸಿನೀರು. ತಿಂಡಿಗೆ ಕೊಟ್ಟೆ ಕಡುಬು, ಊಟಕ್ಕೆ ಒಂದೆಲಗದ ತಂಬುಳಿ. ಸಾರಿಗೆ ಮಾತ್ರ ಬೆಲ್ಲ ಜಾಸ್ತಿ. ಫೋಟೋದಲ್ಲಿ ಗುಡ್ಡ ಕಾಣುತ್ತಿದ್ದ ಕಿಟಕಿಯಿಂದ ನಿಜಕ್ಕೂ ಕಾಣೋದು ಪಕ್ಕದವರ ಅಡಿಕೆ ಬೇಯಿಸೋ ಒಲೆ.

ಆದರೆ ಶನಿವಾರ ರಾತ್ರಿ ಊಟ ಆದಮೇಲೆ ಜಗಲಿಯಲ್ಲಿ ಮನೆ ಯಜಮಾನರು, ಇತಿಹಾಸ ಪಾಠ ಮಾಡಿ ನಿವೃತ್ತರಾದ ಮೇಷ್ಟ್ರು, ಒಂದು ಕಥೆ ಹೇಳ್ತಾರೆ. ಅವತ್ತಿನದು ಬ್ರೂಕ್ ಫಾರ್ಮ್, ಅಂದರೆ ಎಲ್ಲರೂ ಒಂದೇ ಕಡೆ ಕೂಡಿ ದುಡಿದು ಬಾಳೋಕೆ ಹೊರಟವರ ಜಮೀನಿನ ಕಥೆ. 1841ರಲ್ಲಿ ಅಮೆರಿಕದ ಬಾಸ್ಟನ್ ಹತ್ತಿರ ವೆಸ್ಟ್ ರಾಕ್ಸ್‌ಬರಿಯಲ್ಲಿ ಜಾರ್ಜ್ ರಿಪ್ಲಿ ಅನ್ನೋ ಪಾದ್ರಿ ಚರ್ಚಿನ ಕೆಲಸ ಬಿಟ್ಟು, ಹೆಂಡತಿ ಸೋಫಿಯಾ ಜೊತೆ ಜಮೀನು ಹಿಡಿದರಂತೆ. ಪಾಠ ಹೇಳಿದವರಿಗೂ ಸಗಣಿ ಬಾಚಿದವರಿಗೂ, ಗಂಡಸಿಗೂ ಹೆಂಗಸಿಗೂ ಒಂದೇ ಕೂಲಿ. ಷೇರಿಗೆ 500 ಡಾಲರ್. ಮುಂದೆ ದೊಡ್ಡ ಕಾದಂಬರಿಕಾರರಾದ ನಥಾನಿಯಲ್ ಹಾಥಾರ್ನ್ ಕೂಡ ಷೇರು ಕೊಂಡು ಬಂದು, ಗೊಬ್ಬರ ಎತ್ತಿ ಎತ್ತಿ ಬರೆಯೋಕೆ ತ್ರಾಣ ಉಳಿಯದೆ ಕೆಲವೇ ತಿಂಗಳಲ್ಲಿ ಹೊರಟರು. ಆಮೇಲೆ ದುಡ್ಡಿಗಾಗಿ ಕೋರ್ಟಿಗೂ ಹೋದರು. ನನಗೆ ನಗು ತಡೆಯಲಿಲ್ಲ.

"ಬಟ್ಟೆ ಒಗೆದವರು ಯಾರು?" ಅಂತ ನಮ್ಮನೆಯವಳು ಕೇಳಿದಳು. ಮೇಷ್ಟ್ರು ಖುಷಿಯಾದರು. ಹೆಂಗಸರಿಗೆ ಶೀತ ಆಗುತ್ತೆ ಅಂತ ಬಟ್ಟೆ ಹಿಂಡಿ ಒಣಗಿಸೋದು ಗಂಡಸರ ಪಾಲಿಗೆ ಬಂತಂತೆ. ಸಂಜೆ ಕುಣಿಯುವಾಗ ಅವರ ಜೇಬಿನಿಂದ ಬಟ್ಟೆ ಕ್ಲಿಪ್ಪು ಉದುರುತ್ತಿದ್ದವು ಅಂತ ಆ ಕಾಲದ ಅಮೆರಿಕದ ಲೇಖಕ ಎಮರ್ಸನ್ ಬರೆದಿಟ್ಟಿದ್ದಾರಂತೆ.

ನನ್ನ ಪ್ರಶ್ನೆ ಮಣ್ಣಿನದು. "ಮರಳು ಮಣ್ಣು, ಹುಲ್ಲಿಗಷ್ಟೇ ಸೈ" ಅಂದರು. ಹಾಗಾದರೆ ಹೊಟ್ಟೆ ತುಂಬಿಸಿದ್ದು? ಶಾಲೆ! ಪುಟಾಣಿಗಳಿಂದ ಹಿಡಿದು ಹಾರ್ವರ್ಡ್‌ಗೆ ತಯಾರಾಗೋ ಹುಡುಗರವರೆಗೆ ಅಲ್ಲಿ ಓದುತ್ತಿದ್ದರು. ಇಂಥ ಹೊತ್ತಿಗೇ ಓದಬೇಕು ಅನ್ನೋ ಕಟ್ಟಿಲ್ಲ, ಆದರೆ ದಿನಾ ಸ್ವಲ್ಪ ಹೊತ್ತು ಮೈ ಬಗ್ಗಿಸಿ ದುಡೀಬೇಕು. ಸೋಫಿಯಾ ಇತಿಹಾಸ, ಭಾಷೆ ಕಲಿಸಿದರೆ ಸಂಗೀತಕ್ಕೆ ಜಾನ್ ಡ್ವೈಟ್. ದುಡ್ಡು ಬರ್ತಿದ್ದದ್ದು ಮುಖ್ಯವಾಗಿ ಈ ಫೀಸಿನಿಂದ.

ಅಷ್ಟಿದ್ದೂ 1844ರಲ್ಲಿ ಜನ ದೊಡ್ಡ ಗುಂಪಾಗಿ ಕೂಡಿ ದುಡಿದು ಬಾಳಬೇಕು ಅನ್ನೋ ಫ್ರಾನ್ಸಿನ ಚಿಂತಕ ಫೂರಿಯೇ ಸಿದ್ಧಾಂತ ಹಿಡಿದು, ಎಲ್ಲರೂ ಒಟ್ಟಿಗಿರೋಕೆ ಅಂತ ಭಾರಿ ಕಟ್ಟಡ ಶುರು ಮಾಡಿದರು. ಹಾಲು ಕೊಡೋ ಹಸು ಬಿಟ್ಟು ಕೊಟ್ಟಿಗೆಗೆ ಸಿಂಗಾರ. ಎಷ್ಟೋ ತಂದೆತಾಯಿ ಮಕ್ಕಳನ್ನ ಬಿಡಿಸಿಕೊಂಡರು. 1845ರಲ್ಲಿ ಸಿಡುಬು. 1846ರ ಮಾರ್ಚ್ 3ರಂದು ಕಟ್ಟಡ ಪೂರ್ತಿ ಆಗೋ ಮೊದಲೇ ಸುಟ್ಟುಹೋಯ್ತು, ವಿಮೆಯೂ ಇರಲಿಲ್ಲ. 1847ಕ್ಕೆ ಬಾಗಿಲು. ರಿಪ್ಲಿ ತಮ್ಮ ಪುಸ್ತಕಗಳನ್ನೇ ಮಾರಿ, ಆಮೇಲೆ ನ್ಯೂಯಾರ್ಕಿನಲ್ಲಿ ಪತ್ರಿಕೆಗೆ ಬರೆದು ವರ್ಷಗಟ್ಟಲೆ ಸಾಲ ತೀರಿಸಿದರಂತೆ. ಇಲ್ಲಿ ಮೇಷ್ಟ್ರ ಗಂಟಲು ಸ್ವಲ್ಪ ಕಟ್ಟಿತು. ನನಗೆ ಮಾತ್ರ ಮರುಕ ಬಂದದ್ದು ಆ ಶಾಲೆ ಮೇಲೆ. ಶಾಲೆಯೊಂದನ್ನೇ ನಡೆಸಿದ್ದರೆ ಇನ್ನಷ್ಟು ವರ್ಷ ಬಾಳ್ತಿತ್ತೇನೋ.

ಬುಕ್ ಮಾಡೋರು ಶನಿವಾರ ರಾತ್ರಿ ಇರೋ ಹಾಗೆ ಮಾಡಿ. ಬೇರೆ ದಿನ ಪಾಠ ಇಲ್ಲ, ಬರೀ ಕಡುಬಿಗೆ ಆ ರೇಟು ಹೆಚ್ಚಾಯ್ತು. ಗೇಟಿನಿಂದ ಮನೆವರೆಗೆ ಕಾರು ಇಳಿಯಲ್ಲ. ಮಳೆಗಾಲದಲ್ಲಾದರೆ ಉಂಬಳಕ್ಕೆ (ಜಿಗಣೆಗೆ) ಸುಣ್ಣ ಇಟ್ಕೊಂಡು ಹೋಗಿ.