‘ನೌಸಿಕಾ’ ಇಂಗ್ಲಿಷ್ ಡಬ್: ಯಾವುದನ್ನು ನೋಡಬೇಕು, ಹೇಗಿದೆ

ಜಪಾನಿನ ನಿರ್ದೇಶಕ ಹಯಾವೊ ಮಿಯಾಝಾಕಿಯವರ ಅನಿಮೇಷನ್ ಚಿತ್ರ ‘ನೌಸಿಕಾ ಆಫ್ ದ ವ್ಯಾಲಿ ಆಫ್ ದ ವಿಂಡ್’ (1984) ಇಂಗ್ಲಿಷಿಗೆ ಎರಡು ಸಲ ಡಬ್ ಆಗಿದೆ. 1985ರಲ್ಲಿ ‘ವಾರಿಯರ್ಸ್ ಆಫ್ ದ ವಿಂಡ್’ ಹೆಸರಲ್ಲಿ ಬಂದದ್ದರ ತಂಟೆಗೆ ಹೋಗಬೇಡಿ. ಸುಮಾರು 22 ನಿಮಿಷ ಕತ್ತರಿಸಿ, ನಾಯಕಿಗೆ ಜಾಂಡ್ರಾ ಅಂತ ಹೆಸರಿಟ್ಟು, ಕಥೆಯ ಜೀವವನ್ನೇ ತೆಗೆದಿದ್ದರು. ನೋಡಬೇಕಾದ್ದು 2005ರ ಡಿಸ್ನಿ ಡಬ್. ಅವಧಿ 117 ನಿಮಿಷ ಇದ್ದರೆ ಅದು ಪೂರ್ತಿ ಚಿತ್ರ.

ನೌಸಿಕಾಗೆ ದನಿ ಕೊಟ್ಟವರು ಅಲಿಸನ್ ಲೋಮನ್. ಅವರ ಕಸುಬು ಎಂಥದ್ದೆಂದು ಶುರುವಿನ ವಿಷಕಾಡಿನಲ್ಲೇ ಗೊತ್ತಾಗುತ್ತದೆ. ದೈತ್ಯ ಹುಳ ಕಳಚಿಟ್ಟ ಚಿಪ್ಪಿನ ಮೇಲೆ ಮಲಗಿ ನೌಸಿಕಾ ಮೇಲೆ ನೋಡುತ್ತಾಳೆ, ಬೀಜಕಣಗಳು ಹಿಮದಂತೆ ಉದುರುತ್ತಿರುತ್ತವೆ. ಮಾಸ್ಕ್ ಇಲ್ಲದಿದ್ದರೆ ಐದೇ ನಿಮಿಷದಲ್ಲಿ ಸಾವು ಎಂಬ ಮಾತು ಬರುವುದು ಇಲ್ಲೇ. ಅದನ್ನು ಲೋಮನ್ ಬೆರಗಿನಲ್ಲಿ, ಉಸಿರಿಗಿಂತ ತುಸುವೇ ಜೋರಾಗಿ ಹೇಳುತ್ತಾರೆ. ಹಾಳಾದ ಜಗತ್ತನ್ನೂ ಪ್ರೀತಿಸುವ ಹುಡುಗಿ ಆ ಒಂದೇ ಮಾತಿನಲ್ಲಿ ಕಾಣುತ್ತಾಳೆ. ಆದರೆ ಅಪ್ಪನನ್ನು ಕೊಂದವರ ಮೇಲೆ ಎರಗುವಾಗ ದನಿ ತೆಳುವಾಗುತ್ತದೆ. ಜಪಾನಿಯಲ್ಲಿ ಸುಮಿ ಶಿಮಾಮೊತೊ ಅವರ ಕೂಗು ಎದೆ ನಡುಗಿಸುತ್ತದೆ, ಇಲ್ಲಿ ಅಷ್ಟು ತಟ್ಟುವುದಿಲ್ಲ.

ನೌಸಿಕಾಳ ಗುರು, ಕತ್ತಿವೀರ ಯೂಪನಾಗಿ ಪ್ಯಾಟ್ರಿಕ್ ಸ್ಟೀವರ್ಟ್ ಅವರದು ತೂಕದ ದನಿ. ಕಣಿವೆಯ ಮೇಲೆ ದಂಡೆತ್ತಿ ಬರುವ ರಾಜಕುಮಾರಿ ಕುಶಾನಾ ಪಾತ್ರಕ್ಕೆ ಉಮಾ ಥರ್ಮನ್ ತಂದಿರುವ ತಣ್ಣನೆಯ ಗತ್ತು, ಲೋಹದ ಕೈ ತೋರಿಸುವ ದೃಶ್ಯದಲ್ಲಿ ಚೆನ್ನಾಗಿ ಕೂತಿದೆ. ಆಸ್ಬೆಲ್ ಆಗಿ ಶಾಯಾ ಲಬಫ್ ಮಾತ್ರ ಒಗ್ಗಿಲ್ಲ. ಯುದ್ಧದಲ್ಲಿ ತಂಗಿಯನ್ನು ಕಳೆದುಕೊಂಡ ಹುಡುಗ, ಈ ಕಾಲದ ಅಮೆರಿಕದ ಕಾಲೇಜು ಹುಡುಗನ ಹಾಗೆ ಕೇಳಿಸುತ್ತಾನೆ.

ಜೋ ಹಿಸಾಯಿಶಿ ಅವರ ಸಂಗೀತವನ್ನು ಮುಟ್ಟಿಲ್ಲ, ಅದು ದೊಡ್ಡ ಪುಣ್ಯ. ನೌಸಿಕಾಳ ಬಾಲ್ಯದ ನೆನಪಿನಲ್ಲಿ ಬರುವ ಮಗುವಿನ ಗುನುಗು ಅವರ ಮಗಳದೇ, ಆಗ ಆಕೆಗೆ ನಾಲ್ಕು ವರ್ಷ. ಹೆಡ್‌ಫೋನ್ ಹಾಕಿದರೆ ಹಳೆಯ ಸಂಗೀತದ ಮೇಲೆ ಹೊಸ ದನಿಗಳು ಸ್ವಲ್ಪ ಬೇರೆಯಾಗಿ ನಿಂತಂತೆ ಅನಿಸುತ್ತದೆ. ಟಿವಿ ಸ್ಪೀಕರಿನಲ್ಲಿ ಅಷ್ಟು ಗೊತ್ತಾಗುವುದಿಲ್ಲ.

ಸಬ್‌ಟೈಟಲ್ ಆರಿಸುವಾಗ ಒಂದು ಎಚ್ಚರ. ‘ಸಿಸಿ’ (ಕ್ಲೋಸ್ಡ್ ಕ್ಯಾಪ್ಷನ್, ಕಿವಿ ಕೇಳದವರಿಗಾಗಿ ಹಾಕುವ ಬರಹ) ಎಂದಿರುವ ಇಂಗ್ಲಿಷ್ ಸಾಲುಗಳು ಸಾಮಾನ್ಯವಾಗಿ ಡಬ್‌ನ ಸಂಭಾಷಣೆಯನ್ನೇ ಬರೆದವು. ಜಪಾನಿ ಆಡಿಯೊ ಜೊತೆ ಹಾಕಿದರೆ ಪಾತ್ರ ಸುಮ್ಮನಿದ್ದಾಗಲೂ ಪರದೆಯ ಮೇಲೆ ಮಾತು ಓಡಬಹುದು. ಹಾಗಾದರೆ ‘ಸಿಸಿ’ ಇಲ್ಲದ ಇಂಗ್ಲಿಷ್‌ಗೆ ಬದಲಿಸಿ. ಓದಲು ಇನ್ನೂ ಕಷ್ಟಪಡುವ ಮಕ್ಕಳ ಜೊತೆ ಕೂತರೆ ಡಬ್ಬೇ ಸರಿ. ಒಬ್ಬರೇ ನೋಡುವುದಾದರೆ ಜಪಾನಿಯೇ ಮೇಲು.