ಸಾತೆ ಸುಡಲು 189 ರಿಂಗಿಟ್‌ನ ಗ್ರಿಲ್ ಮತ್ತು 35 ರಿಂಗಿಟ್‌ನ ತಗಡು

ವಿದ್ಯುತ್ ಗ್ರಿಲ್‌ಗೆ ನಾನು ಕೊಟ್ಟದ್ದು 189 ರಿಂಗಿಟ್. ಈಗ ಅದು ಮಂಚದ ಕೆಳಗೆ ಮಲಗಿದೆ. ಸಾತೆ, ಅಂದರೆ ಮಸಾಲೆ ಹಚ್ಚಿ ಬಿದಿರುಕಡ್ಡಿಗೆ ಪೋಣಿಸಿದ ಮಾಂಸ, ಸುಡುವುದು ತಗಡಿನ ಉದ್ದನೆಯ ತೊಟ್ಟಿಯಲ್ಲಿ. ಮಲೇಷ್ಯಾದ ಪೆಟಾಲಿಂಗ್ ಜಯಾದಲ್ಲಿ ನಮ್ಮ ಬೀದಿಯ ಹಾರ್ಡ್‌ವೇರ್ ಅಂಗಡಿಯಲ್ಲಿ ಅದು 35 ರಿಂಗಿಟ್‌ಗೆ ಸಿಕ್ಕಿತು.

ಕಳೆದ ಬಕ್ರೀದ್‌ಗೆ ಪಕ್ಕದ ಮಲಯ್ ಮನೆಯವರು ಕುರ್ಬಾನಿಯ ದನದ ಮಾಂಸ ಎರಡು ಕಿಲೋ ಕಳುಹಿಸಿದ್ದರು. ಮಂಗಳೂರಿನ ಕ್ರಮದಲ್ಲಿ ಸುಕ್ಕ ಮಾಡಿ ಮುಗಿಸಬಹುದಿತ್ತು. ಆದರೆ ಸಾತೆಗೆ ಹೆಸರಾದ ಕಾಜಾಂಗ್ ಪಟ್ಟಣಕ್ಕೆ ಮೆಟ್ರೋ ಹತ್ತಿ ಹೋಗಿ ಸಾತೆ ತಿಂದು ರುಚಿ ಹತ್ತಿದ ನಾಲಿಗೆ ಕೇಳಬೇಕಲ್ಲ!

ಮಸಾಲೆಯದು ತಕರಾರಿಲ್ಲ. ಮಜ್ಜಿಗೆಹುಲ್ಲು, ದುಂಪರಾಸ್ಮೆ (ಶುಂಠಿಯ ಜಾತಿಯ ಗಡ್ಡೆ), ಸಣ್ಣ ಈರುಳ್ಳಿ, ಅರಿಶಿನ, ಕೊತ್ತಂಬರಿ, ಜೀರಿಗೆ, ತೆಂಗಿನ ಬೆಲ್ಲ ಅರೆದು ಹಚ್ಚಿ ರಾತ್ರಿಯಿಡೀ ನೆನೆಸಿದರೆ ಆಯಿತು. ಅನಾನಸ್ ರಸ ಹಾಕುವವರು ಮಾತ್ರ ಒಂದು ಗಂಟೆಗೆ ನಿಲ್ಲಿಸಬೇಕು. ರಾತ್ರಿಯಿಡೀ ಬಿಟ್ಟರೆ ಮಾಂಸ ಮುದ್ದೆಯಾಗುತ್ತದೆ.

ಮೊದಲು ಗ್ರಿಲ್‌ನ ಕಥೆ. ಎಣ್ಣೆ ಚೆಲ್ಲದಿರಲಿ ಎಂದು ಅದರ ತಟ್ಟೆಯ ಸುತ್ತ ಒಂದೂವರೆ ಸೆಂಟಿಮೀಟರ್ ಎತ್ತರದ ಅಂಚು ಕಟ್ಟಿದ್ದಾರೆ. ಬಿದಿರುಕಡ್ಡಿಯ ಹಿಡಿ ಆ ಅಂಚಿನ ಮೇಲೆ ಕುಳಿತರೆ ಕಡ್ಡಿ ಓರೆಯಾಗುತ್ತದೆ. ತುದಿಯ ತುಂಡು ತಟ್ಟೆಗೆ ಅಂಟುತ್ತದೆ, ಹಿಡಿಯ ಹತ್ತಿರದ್ದು ಗಾಳಿಯಲ್ಲಿ ನಿಲ್ಲುತ್ತದೆ. ಫಲ: ಒಂದೇ ಕಡ್ಡಿಯಲ್ಲಿ ಒಂದು ಕಡೆ ಕರಕಲು, ಇನ್ನೊಂದು ಕಡೆ ಹಸಿ.

ಸುಲಭಕ್ಕೆ ಸೋಲುವ ಜಾತಿ ನನ್ನದಲ್ಲ. ಕಡ್ಡಿಯನ್ನು ಪೂರ್ತಿ ಒಳಗೇ ಮಲಗಿಸೋಣ ಎಂದರೆ ಅದು 23 ಸೆಂಟಿಮೀಟರ್, ತಟ್ಟೆಯ ಅಗಲ 22. ಉದ್ದಕ್ಕೆ ಇಟ್ಟಾಗ ಒಮ್ಮೆಗೆ ಆರು ಹಿಡಿದವು, ಹಿಡಿಗಳೂ ಕಾದು ಬೆರಳು ಸುಟ್ಟಿತು. ಹಿಡಿಯನ್ನೇ ಕತ್ತರಿಸಿದೆ. ಆಮೇಲೆ ಇಕ್ಕಳದಿಂದ ತಿರುಗಿಸಲು ಹೋದರೆ ಕಡ್ಡಿ ಮಾತ್ರ ತಿರುಗಿತು. ಬೆಲ್ಲ ಅಂಟಿಸಿದ್ದ ಮಾಂಸ ಇದ್ದಲ್ಲಿಯೇ ಇತ್ತು. ಅಷ್ಟರಲ್ಲಿ ತಟ್ಟೆಯ ತುಂಬ ನೀರು ಬಿಟ್ಟುಕೊಂಡು, ಥರ್ಮೋಸ್ಟಾಟ್ ಆರಿ, ಎಲ್ಲವೂ ಸಾರಿನಂತೆ ಕುದಿಯುತ್ತಿತ್ತು. ರಾತ್ರಿ ಹನ್ನೊಂದಕ್ಕೆ ಅದೇ ಮಾಂಸಕ್ಕೆ ತೆಂಗಿನಕಾಯಿ ಹುರಿದು ಹಾಕಿ ಸುಕ್ಕವನ್ನೇ ಮಾಡಿದೆ.

ಓವನ್ ಪರವಾಗಿಲ್ಲ. ಕೇಕಿನ ಕಿರಿದಾದ ಅಚ್ಚಿನ ಎರಡಂಚಿಗೆ ಕಡ್ಡಿಗಳನ್ನು ಅಡ್ಡವಿಟ್ಟು, ಹಿಡಿಗೆ ಅಲ್ಯುಮಿನಿಯಂ ಹಾಳೆ ಸುತ್ತಿ, ಮೇಲಿನ ಕಾಯಿಲ್‌ಗೆ ಹತ್ತಿರ ತಂದರೆ ಸಮನಾಗಿ ಬೇಯುತ್ತದೆ. ಹೊಗೆಯ ವಾಸನೆ ಮಾತ್ರ ಕೇಳಬೇಡಿ.

ತೊಟ್ಟಿಯ ಗುಟ್ಟು ಅದರಲ್ಲಿ ಇಲ್ಲದ ವಸ್ತುವಿನಲ್ಲಿದೆ. ಕಾಜಾಂಗ್‌ನಲ್ಲಿ ಎಷ್ಟೋ ಸಲ ಎದುರಿಗೇ ನಿಂತು ನೋಡಿದ್ದೇನೆ. ಆ ಒಲೆಗೆ ಜಾಲರಿಯೇ ಇಲ್ಲ ಎಂಬುದು ಕಣ್ಣಿಗೆ ಬಿದ್ದಿರಲಿಲ್ಲ. ಅಂಗೈ ಅಗಲದ ತಗಡು, ಎರಡು ಅಂಚಿಗೆ ಕಡ್ಡಿ. ಮಾಂಸ ಕೆಂಡದ ಮೇಲೆ ತೂಗುತ್ತದೆ, ಅಂಟಲು ಅದಕ್ಕೆ ಏನೂ ಸಿಗುವುದಿಲ್ಲ. ಹಿಡಿ ಹೊರಗೆ ಉಳಿಯುವುದರಿಂದ ಹತ್ತು ಕಡ್ಡಿಗಳನ್ನು ಒಟ್ಟಿಗೆ ಹಿಡಿದು ಮಗುಚಬಹುದು. ಮಾಂಸದ ನಡುವೆ ಸಿಕ್ಕಿಸಿದ ಕೊಬ್ಬಿನ ತುಣುಕು ಕರಗಿ ಕೆಂಡಕ್ಕೆ ಬಿದ್ದಾಗ ಏಳುವ ಹೊಗೆಯೇ ಸಾತೆಯ ಅರ್ಧ ರುಚಿ. ಮಜ್ಜಿಗೆಹುಲ್ಲಿನ ಬುಡ ಜಜ್ಜಿ ಕುಂಚ ಮಾಡಿಕೊಂಡು ಎಣ್ಣೆ ಸವರುತ್ತಿರಬೇಕು.

ಇದ್ದಿಲು ಇಲ್ಲಿನ ಕ್ವಾಲಾ ಸೆಪೆತಾಂಗ್ ಎಂಬ ಊರಿನದು. ನಮ್ಮ ಕರಾವಳಿಯವರು ಕಾಂಡ್ಲಾ ಎನ್ನುವ, ಉಪ್ಪುನೀರಿನ ಜೌಗಿನಲ್ಲಿ ಬೆಳೆಯುವ ಜಾತಿಯ ಮರವನ್ನು ಅಲ್ಲಿನ ಭಟ್ಟಿಗಳಲ್ಲಿ ಸುಟ್ಟು ಮಾಡುತ್ತಾರೆ. ನಿಧಾನವಾಗಿ ಉರಿಯುತ್ತದೆ, ಆದರೆ ಹೊತ್ತಿಕೊಳ್ಳಲು ಇಪ್ಪತ್ತೈದು ನಿಮಿಷ ಬೀಸಣಿಗೆ ಬೀಸಬೇಕು. ಬೂದಿ ಬಳಿಯುವ ಕೆಲಸವೂ ನನ್ನದೇ.

ನಾನು ಸಾತೆ ಸುಡುವುದು ತಿಂಗಳಿಗೊಮ್ಮೆ, ಅರ್ಧ ಕಿಲೋ ಮಾಂಸದಲ್ಲಿ ಇಪ್ಪತ್ತೈದು ಕಡ್ಡಿ, ನಾಲ್ಕು ಜನರಿಗೆ. ಮನೆ ಮುಂದೆ ಕಾರು ನಿಲ್ಲಿಸುವ ಜಾಗವಿದೆ. ಹದಿನಾಲ್ಕನೇ ಮಹಡಿಯಲ್ಲಿದ್ದರೆ ಕೇಕಿನ ಅಚ್ಚಿಗೆ ಶರಣಾಗುತ್ತಿದ್ದೆ. ಮಂಚದ ಕೆಳಗಿನದ್ದನ್ನಂತೂ ಮತ್ತೆ ಎಳೆಯುತ್ತಿರಲಿಲ್ಲ.

ತೊಟ್ಟಿಯ ಮೊದಲ ಸುತ್ತಿನಲ್ಲಿ ಹನ್ನೆರಡು ಕಡ್ಡಿ ಪಕ್ಕದ ಮನೆಗೆ ಹೋದವು. ಸುಟ್ಟದ್ದರ ಬಗ್ಗೆ ಅವರು ಏನೂ ಹೇಳಲಿಲ್ಲ. ಕಡಲೆಬೀಜದ ಸಾಸ್ ನೀರಾಗಿದೆ ಎಂದರು.